ಎಂಟು ಗಂಟೆಯ ಮೌನ

ದಿನಾ ಬೆಳಿಗ್ಗೆ ‘ತೊಮೊನಾಮಿ’ ಹಡಗಿನಲ್ಲಿ ಇನ್ನೂರು ಜನ ಏಳುತ್ತಿದ್ದರು. ಮಂಚಗಳು ಕಿರ್ರೆನ್ನುತ್ತಿದ್ದವು. ಯಾರೋ ಆಕಳಿಸುತ್ತಿದ್ದರು, ಇನ್ಯಾರೋ ಅವರಿಗೆ ಬೈಯುತ್ತಿದ್ದರು. ಕಬ್ಬಿಣದ ಏಣಿಗಳ ಮೇಲೆ ಬೂಟುಗಳು ದಡದಡ ಇಳಿಯುತ್ತಿದ್ದವು, ಬಚ್ಚಲಿನಲ್ಲಿ ನಲ್ಲಿಗಳು ಒಟ್ಟಿಗೆ ತೆರೆದುಕೊಳ್ಳುತ್ತಿದ್ದವು. ಇಂಜಿನ್ ಕೋಣೆಯ ಸಕಿಮೊತೊ ಒಂದೇ ಸಮನೆ ಸೀನಿ, ಇನ್ನೊಂದು ಸೀನಿಗಾಗಿ ಕಾದು, ಅದು ಬರದೆ ಹೋದದ್ದಕ್ಕೆ ಗೊಣಗುತ್ತಿದ್ದ. ಇಷ್ಟೆಲ್ಲ ಗದ್ದಲದ ನಡುವೆ ಕುವಾನೊ ತೆತ್ಸುಯಾ ಎದ್ದು, ಮುಖ ತೊಳೆದು, ಒಂದು ಹೊಟ್ಟೆಗೆ ಸಾಕಾಗುವಷ್ಟು ಅಕ್ಕಿಯನ್ನು ಒಲೆಗಿಡುತ್ತಿದ್ದ. ಆ ಹಡಗಿನಲ್ಲಿ ಉಸಿರಾಡುತ್ತಿದ್ದ ಜೀವ ಅವನದೊಂದೇ. ಉಳಿದವರೆಲ್ಲ ಬರೀ ಸದ್ದು.

ಇದು ಜಪಾನಿನಲ್ಲಿ ಮಕ್ಕಳು ಕಡಿಮೆಯಾಗಿ ಹಡಗುಗಳು ಹೆಚ್ಚಾದ ಕಾಲದ ಮಾತು. ಸುತ್ತಲೂ ಕಡಲಿರುವ ದೇಶ. ಒಲೆ ಉರಿಸುವ ಅನಿಲ, ದೀಪ ಉರಿಸುವ ಎಣ್ಣೆ, ತಿನ್ನುವ ಗೋಧಿ, ಎಲ್ಲವೂ ನೀರಿನ ಮೇಲೇ ಬರಬೇಕು. ಆ ದಾರಿಯನ್ನು ಕಾಯುವುದು ನೌಕಾಪಡೆಯ ಕೆಲಸ. ಅದರ ಹೆಸರಿನಲ್ಲೇ ‘ಆತ್ಮರಕ್ಷಣೆ’ ಎಂಬ ಮಾತಿದೆ. ತಾನಾಗಿ ಯಾರ ಮೇಲೂ ಕೈ ಎತ್ತುವ ಹಾಗಿಲ್ಲ, ಎತ್ತಿದ ಕೈಯನ್ನು ತಡೆಯಬಹುದು, ಅಷ್ಟೆ. ತಡೆಯುವುದಕ್ಕಾದರೂ ಜನ ಬೇಕಲ್ಲ? ದೇಶ ಉಳಿಯಬೇಕು, ಕಡಲು ಉಳಿಯಬೇಕು ಎಂದು ಟಿವಿಯಲ್ಲಿ ಗಂಟಲು ಹರಿದುಕೊಳ್ಳುತ್ತಿದ್ದವರ ಮನೆಯಿಂದ ಒಬ್ಬ ಮಗನೂ ಬರಲಿಲ್ಲ, ಒಬ್ಬ ಅಳಿಯನೂ ಬರಲಿಲ್ಲ. ಹಾಗೆ ಕಿರುಚುವುದೇ ದೇಶಸೇವೆ ಎಂದು ಅವರು ತಿಳಿದಿದ್ದರೋ ಏನೋ. ಭರ್ತಿ ಕಚೇರಿಯಲ್ಲಿ ಕುರ್ಚಿಗಳು ಖಾಲಿ, ಹಡಗಿನಲ್ಲಿ ಮಂಚಗಳು ಖಾಲಿ. ಕೊನೆಗೆ ದಡದಲ್ಲಿ ಕೂತೇ ಹಡಗು ನಡೆಸುವ ವ್ಯವಸ್ಥೆ ಮಾಡಿದರು.

ಅಲ್ಲೇ ತೊಂದರೆ ಶುರುವಾಯಿತು. ಜನರಿರುವ ಹಡಗನ್ನು ಮುಟ್ಟಿದರೆ ಯುದ್ಧ. ಜನರಿಲ್ಲದ ಹಡಗನ್ನು ಮುಟ್ಟಿದರೆ ಒಂದು ಪತ್ರಿಕಾ ಹೇಳಿಕೆ. ಕಡಲಾಚೆಯ ದೇಶದವರು, ಎಲ್ಲರ ಬಾಯಲ್ಲಿ ಬರೀ ‘ಆಚೆಯವರು’, ಅಂಥ ಒಂದು ಹಡಗಿಗೆ ನಡುಗಡಲಲ್ಲಿ ಉಕ್ಕಿನ ಬಲೆ ಬೀಸಿ ಎಳೆದುಕೊಂಡು ಹೋದರು. ತೇಲಿಬಂದ ಕಬ್ಬಿಣ ಸಿಕ್ಕಿತ್ತು, ಯಾರದೆಂದು ಗೊತ್ತಾಗಲಿಲ್ಲ ಎಂದರು. ವಾಪಸ್ಸು ಕೊಡುವಾಗ ಒಳಗೆ ಒಂದು ತಂತಿಯನ್ನೂ ಉಳಿಸಿರಲಿಲ್ಲ.

ಹಡಗಿನಲ್ಲಿ ಜನ ಇದ್ದಾರೋ ಇಲ್ಲವೋ ಎಂದು ಆಚೆಯವರಿಗೆ ಗೊತ್ತಾಗುವುದು ಹೇಗೆ? ನೀರಿನಡಿಯಲ್ಲಿ ಹಿಂಬಾಲಿಸುವ ಜಲಾಂತರ್ಗಾಮಿಗೆ ಕಣ್ಣಿಲ್ಲ, ಕಿವಿ ಇದೆ. ಜನರಿರುವ ಹಡಗು ಸದಾ ಸಣ್ಣಗೆ ಗಲಗಲ ಎನ್ನುತ್ತಿರುತ್ತದೆ. ಬಾಗಿಲು, ಬಕೆಟ್ಟು, ಹೆಜ್ಜೆ, ಸೌಟು, ಎಲ್ಲವೂ ಉಕ್ಕಿಗೆ ಇಳಿದು, ಉಕ್ಕಿನಿಂದ ನೀರಿಗೆ ಇಳಿದು, ಮೈಲಿಗಟ್ಟಲೆ ಹೋಗುತ್ತದೆ. ಖಾಲಿ ಹಡಗು ಬರೀ ಇಂಜಿನ್ನಿನ ಹಾಗೆ ಗುಂಯ್‌ಗುಡುತ್ತದೆ. ಹಾಗಿದ್ದರೆ ಸದ್ದನ್ನೇ ಹಾಕಿಬಿಡೋಣ ಎಂದಿತು ಒಂದು ಖಾಸಗಿ ಕಂಪನಿ. ‘ತೊಮೊನಾಮಿ’ಯ ಕೊನೆಯ ಸಿಬ್ಬಂದಿ ಇನ್ನೂ ಚದುರಿರಲಿಲ್ಲ. ಕೋಣೆಕೋಣೆಗೂ ಮೈಕು ಹಚ್ಚಿ, ನೆಲಕ್ಕೆಲ್ಲ ಹೆಜ್ಜೆಯ ಅದುರು ದಾಖಲಿಸುವ ಯಂತ್ರ ಅಂಟಿಸಿ, ತಿಂಗಳುಗಟ್ಟಲೆ ಅವರ ಬದುಕನ್ನು ಹಿಡಿದಿಟ್ಟುಕೊಂಡರು. ಆಮೇಲೆ ಅವರನ್ನು ಮನೆಗೆ ಕಳಿಸಿ, ಅದೇ ಕೋಣೆಗಳಲ್ಲಿ ಅದೇ ಸದ್ದನ್ನು ಸ್ಪೀಕರಿನಿಂದಲೂ ನೆಲ ಗುದ್ದುವ ಸುತ್ತಿಗೆಗಳಿಂದಲೂ ಹೊರಡಿಸಿದರು.

ಒಬ್ಬನನ್ನು ಮಾತ್ರ ಉಳಿಸಿಕೊಂಡರು. ‘ಸಿಬ್ಬಂದಿಯಿರುವ ಹಡಗು’ ಎಂದು ಕಾಗದದಲ್ಲಿ ಬರೆಯುವುದು ಸುಳ್ಳಾಗಬಾರದಂತೆ. ಕುವಾನೊ ಹಡಗಿನ ಅಡುಗೆಯವನು. ಸ್ಪೀಕರು ಕೆಟ್ಟರೆ ಬದಲಿಸುವುದನ್ನು ಯಾರಿಗೂ ಕಲಿಸಬಹುದು, ಅಡುಗೆ ಬರುವವನನ್ನು ಇಟ್ಟುಕೊಂಡರೆ ಅವನಿಗೆ ಬೇಯಿಸಿಹಾಕಲು ಇನ್ನೊಬ್ಬ ಬೇಕಾಗುವುದಿಲ್ಲ ಎಂದು ಮೇಲಿನವರು ಲೆಕ್ಕ ಹಾಕಿದರು. ಅವನು ಒಪ್ಪಿಕೊಂಡ. ಆ ಹೊತ್ತಿಗೆ ಹೆಂಡತಿ ಮಿನೆಕೊ ಮಗಳನ್ನು ಕರೆದುಕೊಂಡು ಬೇರೆ ಮನೆ ಮಾಡಿದ್ದಳು. ದಡದಲ್ಲಿ ಅವನಿಗಾಗಿ ಏಳುವವರು ಯಾರೂ ಇರಲಿಲ್ಲ.

ಮಿನೆಕೊ ಕೂಡ ಅದೇ ಹಡಗಿನವಳು. ನೀರಿನಡಿಯ ಸದ್ದು ಆಲಿಸುವ ಕೋಣೆಯಲ್ಲಿ ಅವಳ ಕೆಲಸ. ಹಾಗಾಗಿ ಅವಳೂ ಆ ಇನ್ನೂರರಲ್ಲಿ ಇದ್ದಳು. ಅವಳ ಹೆಜ್ಜೆ ಅಡುಗೆಮನೆಯ ಮುಂದೆ ಹಾದುಹೋಗುತ್ತಿತ್ತು, ಅವಳ ಕೋಣೆಯ ಬಾಗಿಲು ಮುಚ್ಚಿಕೊಳ್ಳುತ್ತಿತ್ತು. ಕುವಾನೊ ಅದಕ್ಕೆಲ್ಲ ಒಗ್ಗಿಕೊಂಡ. ಒಗ್ಗಿಕೊಳ್ಳಲಾಗದೆ ಹೋದದ್ದು ಒಂದಕ್ಕೆ ಮಾತ್ರ.

ಬೆಳಿಗ್ಗೆ ಎಂಟು ಹೊಡೆದೊಡನೆ ಇಡೀ ಹಡಗು ಸ್ತಬ್ಧವಾಗುತ್ತಿತ್ತು. ಓಡುತ್ತಿದ್ದ ಹೆಜ್ಜೆ ಅಲ್ಲೇ ನಿಲ್ಲುತ್ತಿತ್ತು, ಎತ್ತಿದ ಸೌಟು ಎತ್ತಿದ ಹಾಗೇ. ಬಂದರಿನಲ್ಲಿ ನಿಂತ ಹಡಗಿನ ಪದ್ಧತಿ ಅದು. ಎಂಟಕ್ಕೆ ಕಹಳೆ ಊದಿ ಹಿಂಭಾಗದಲ್ಲಿ ಬಾವುಟ ಏರಿಸುವಾಗ ಪ್ರತಿಯೊಬ್ಬರೂ ಇದ್ದಲ್ಲೇ ನೆಟ್ಟಗೆ ನಿಲ್ಲಬೇಕು. ಸದ್ದು ಹಿಡಿಯುವ ಹೊತ್ತಿಗೆ ದಡದಿಂದ ನಡೆಸುವ ಯಂತ್ರಗಳನ್ನು ಹಡಗಿಗೆ ಕೂರಿಸುತ್ತಿದ್ದುದರಿಂದ ಬೆಳಗುಗಳನ್ನೆಲ್ಲ ಬಂದರಿನಲ್ಲೇ ಹಿಡಿದಿದ್ದರು. ಆಮೇಲೆ ಕಂಪನಿಯವರು ಕಹಳೆಯನ್ನು ಕತ್ತರಿಸಿದರು. ಮೌನವನ್ನು ಕತ್ತರಿಸಬೇಕೆಂದು ಯಾರಿಗೂ ಹೊಳೆಯಲಿಲ್ಲ. ಮೌನದಲ್ಲಿ ಕತ್ತರಿಸುವುದಕ್ಕೆ ಏನಿದೆ? ಎಲ್ಲ ಮೌನವೂ ಒಂದೇ ಎಂದು ಒಂದು ಬೆಳಗಿನದನ್ನೇ ಎಲ್ಲ ದಿನಕ್ಕೂ ಕೂರಿಸಿದರು. ಪರೀಕ್ಷೆ ಮಾಡಿ ಒಪ್ಪಿಗೆ ಕೊಟ್ಟದ್ದೂ ಬಂದರಿನಲ್ಲೇ. ಅಲ್ಲಿ ಎಂಟಕ್ಕೆ ಎಲ್ಲ ಹಡಗುಗಳೂ ಸುಮ್ಮನಾಗುತ್ತವೆ. ಆದರೆ ಕಡಲಲ್ಲಿ ಸಾಗುವ ಹಡಗಿನ ಬಾವುಟ ಹಗಲಿರುಳೂ ಹಾರುತ್ತಲೇ ಇರುತ್ತದೆ. ಅದನ್ನು ಏರಿಸುವುದೂ ಇಲ್ಲ, ಇಳಿಸುವುದೂ ಇಲ್ಲ, ಯಾರೂ ಯಾರಿಗಾಗಿಯೂ ನಿಲ್ಲುವುದಿಲ್ಲ.

ಮೊದಲ ಪ್ರಯಾಣದ ಮೊದಲ ಬೆಳಿಗ್ಗೆಯೇ ಕುವಾನೊನಿಗೆ ಈ ತಪ್ಪು ಗೊತ್ತಾಯಿತು. ದಡಕ್ಕೆ ಹೇಳಬೇಕೆಂದು ಎದ್ದೂ ನಿಂತ. ಅಷ್ಟರಲ್ಲಿ ಆ ಮೌನದೊಳಗಿಂದ ಒಂದು ನಗು ಕೇಳಿತು. ತುಟಿ ಕಚ್ಚಿ ಹಿಡಿದರೂ ಮೂಗಿನಿಂದ ತಪ್ಪಿಸಿಕೊಂಡ ನಗು. ಅದು ಮಿನೆಕೊಳದು. ಆ ಸದ್ದು ಹಿಡಿದ ದಿನ ಅವನು ಬೇಯಿಸಿದ ಮೊಟ್ಟೆಗಳ ದೊಡ್ಡ ತಟ್ಟೆ ಹೊತ್ತು ಅಡುಗೆಮನೆಯ ಮುಂದಿನ ಮೊಗಸಾಲೆಯಲ್ಲಿ ಬರುತ್ತಿದ್ದ. ಎಂಟು ಹೊಡೆಯಿತು, ನಿಲ್ಲಲೇಬೇಕಾಯಿತು. ತೋಳು ನಡುಗಿ ಮೊಟ್ಟೆಗಳು ಒಂದಕ್ಕೊಂದು ತಾಗಿ ಟಕಟಕ ಎನ್ನತೊಡಗಿದವು. ಎದುರಿಗೆ ನೆಟ್ಟಗೆ ನಿಂತಿದ್ದ ಮಿನೆಕೊ ಅವನ ಮುಖ ನೋಡಿದಳು. ಅವರ ನಡುವೆ ಮಾತು ನಿಲ್ಲುವುದಕ್ಕೆ ಸ್ವಲ್ಪ ಮುಂಚಿನ ದಿನ ಅದು. ಅವಳು ಅವನಿಗಾಗಿ ನಕ್ಕದ್ದು ಅದೇ ಕೊನೆ.

ತಪ್ಪು ಹೇಳಿದರೆ ಆ ನಿಮಿಷವನ್ನೇ ಅಳಿಸುತ್ತಾರೆ. ಕುವಾನೊ ಹೇಳಲಿಲ್ಲ. ದಿನಾ ಎಂಟಕ್ಕೆ ಮೊಗಸಾಲೆಯಲ್ಲಿ ಅದೇ ಜಾಗದಲ್ಲಿ ಬಂದು ನಿಲ್ಲತೊಡಗಿದ.

ರಜೆಯಲ್ಲಿ ಊರಿಗೆ ಬಂದಾಗ ಬಸ್ಸಿನಲ್ಲಿ ಸಕಿಮೊತೊ ಸಿಕ್ಕಿದ. ಈಗ ಅವನೇ ಆ ಬಸ್ಸಿನ ಡ್ರೈವರು. ಎಷ್ಟು ಕಾಲವಾಯಿತು ಮಾರಾಯ ನಿನ್ನನ್ನು ನೋಡಿ, ಎಂದು ಹೆಗಲು ತಟ್ಟಿದ. ಬೆಳಿಗ್ಗೆ ಎದ್ದರೆ ಅವನ ಸೀನೇ ಕೇಳುತ್ತಿದ್ದ ಕುವಾನೊನಿಗೆ ಬಹಳ ಕಾಲವಾಯಿತು ಅನ್ನಿಸಲೇ ಇಲ್ಲ. ಸಕಿಮೊತೊ ದಾರಿಯುದ್ದಕ್ಕೂ ಒಮ್ಮೆಯೂ ಸೀನಲಿಲ್ಲ. ಇಳಿಯುವಾಗ ಕುವಾನೊನಿಗೆ ಯಾರೋ ಅಪರಿಚಿತನನ್ನು ಬೀಳ್ಕೊಟ್ಟ ಹಾಗಾಯಿತು.

ಮಿನೆಕೊ ಶ್ರವಣಯಂತ್ರ ಮಾರುವ ಅಂಗಡಿಯಲ್ಲಿ ಕೆಲಸಕ್ಕಿದ್ದಳು. ಕಡಲಿನ ತಳ ಆಲಿಸುತ್ತಿದ್ದವಳು ಈಗ ಮುದುಕರ ಕಿವಿಗೆ ಯಂತ್ರ ಕೂರಿಸಿ, ಕೇಳಿಸ್ತಾ, ಕೇಳಿಸ್ತಾ ಎಂದು ವಿಚಾರಿಸುತ್ತಿದ್ದಳು. ರಜೆಗೊಂದು ಶುಕ್ರವಾರ ಕುವಾನೊ ಅವಳ ಮನೆಗೆ ಬಂದು ಮಗಳಿಗೆ ಅನ್ನ, ಕರಿ ಎಂಬ ಮಸಾಲೆ ಸಾರು ಮಾಡಿ ಬಡಿಸಬಹುದೆಂದು ಒಪ್ಪಂದವಾಗಿತ್ತು. ನಡುಗಡಲಲ್ಲಿ ವಾರ ಮರೆಯದಿರಲಿ ಎಂದು ನೌಕಾಪಡೆಯವರು ಶುಕ್ರವಾರ ಕರಿ ಮಾಡುತ್ತಾರೆ. ಒಂದೊಂದು ಹಡಗಿಗೆ ಒಂದೊಂದು ರುಚಿ. ‘ತೊಮೊನಾಮಿ’ಯದಕ್ಕೆ ತುರಿದ ಸೇಬು, ಒಂದು ಚಮಚ ಕಾಫಿಪುಡಿ ಬೀಳುತ್ತದೆ.

ಮಗಳು ಚಿನಾಮಿ ಒಲೆಯ ಪಕ್ಕ ಸ್ಟೂಲಿನ ಮೇಲೆ ಕೂತು ಸೇಬಿನ ಸಿಪ್ಪೆ ತಿನ್ನುತ್ತಿದ್ದಳು. ಹಡಗಿನಲ್ಲಿ ಎಷ್ಟು ಜನ ಇದ್ದಾರೆ ಎಂದು ಕೇಳಿದಳು. ಇನ್ನೂರು ಎಂದ. ಅಷ್ಟೂ ಜನಕ್ಕೆ ನೀನೇ ಅಡುಗೆ ಮಾಡುತ್ತೀಯಾ ಎಂದಳು. ಹೂಂ ಎಂದ.

“ಚೆನ್ನಾಗಿದೆ ಅಂತಾರಾ?”

ಕುವಾನೊ ಸೌಟು ತಿರುವಿದ. “ಸುಮ್ನೆ ತಿಂದು ಹೋಗ್ತಾರಮ್ಮ.”

“ಪಾಪ ಅಪ್ಪ,” ಎಂದಳು ಚಿನಾಮಿ. ಮಿನೆಕೊ ಅವಳನ್ನು ಪಕ್ಕದ ಮನೆಯಿಂದ ಉಪ್ಪಿನಕಾಯಿ ತರಲು ಕಳಿಸಿ, ಬಾಗಿಲು ಮುಚ್ಚಿದ ಮೇಲೆ ಹೇಳಿದಳು:

“ಮಗೂಗೆ ಸುಳ್ಳು ಹೇಳೋದು ಚೆನ್ನಾಗಿ ರೂಢಿಯಾಗಿದೆ, ಕುವಾನೊ-ಸಾನ್.”

ಮದುವೆಗೆ ಮುಂಚೆ ಹಡಗಿನಲ್ಲಿ ಎಲ್ಲರೂ ಕರೆಯುತ್ತಿದ್ದ ಹಾಗೆ ಅವಳೂ ಈಗ ಮನೆಹೆಸರಿಗೆ ‘ಸಾನ್’ ಎಂಬ ಮರ್ಯಾದೆ ಸೇರಿಸಿಯೇ ಕರೆಯುತ್ತಿದ್ದಳು. ಆ ಕರೆ ಚುಚ್ಚಿತೋ, ಒಲೆಯ ಹಬೆಯಲ್ಲಿ ಮುಖ ಕಾಣದ ಧೈರ್ಯವೋ, ಕುವಾನೊ ಆ ನಗುವಿನ ವಿಷಯ ಬಾಯಿಬಿಟ್ಟ. ತಟ್ಟೆ, ನಡುಗಿದ ಮೊಟ್ಟೆ, ಎಂಟು ಗಂಟೆ, ಎಲ್ಲ ಹೇಳಿದ. ಮಿನೆಕೊ ಬಟ್ಟಲು ಒರೆಸುತ್ತ ಕೇಳಿದಳು.

“ನಾನು ನಕ್ಕಿದ್ನಾ? ನೆನಪಿಲ್ಲ.”

ಸುಳ್ಳು ಹೇಳುವವಳಲ್ಲ ಅವಳು. ನಿಜಕ್ಕೂ ನೆನಪಿರಲಿಲ್ಲ. ಆದರೆ ಬಟ್ಟಲು ಒರೆಸುತ್ತಿದ್ದ ಕೈ ನಿಂತುಹೋಯಿತು.

“ಎಂಟು ಗಂಟೆ ಅಂದ್ರಾ? ನಡುಗಡಲಲ್ಲಿ?”

ಕುವಾನೊ ತಲೆ ತಗ್ಗಿಸಿದ.

“ಸಾಗ್ತಾ ಇರೋ ಹಡಗಲ್ಲಿ ಎಂಟು ಗಂಟೆಗೆ ಯಾರ್ರೀ ನಿಲ್ತಾರೆ? ಆಚೆ ಕಡೆ ನಾನು ಕೂತಿದ್ರೆ ಎರಡನೇ ಬೆಳಿಗ್ಗೆ ಹಿಡೀತಿದ್ದೆ. ಒಳಗಿರೋದು ಬರೀ ಟೇಪು ಅಂತ.” ಅವನ ಕಡೆ ತಿರುಗಿದಳು. “ಹೇಳಿಲ್ಲ ಅಲ್ವಾ ನೀವು?”

“ಹೇಳಿದ್ರೆ ಅಳಿಸ್ತಾರೆ.”

ಅವಳು ಕೂಗಾಡಲಿಲ್ಲ. ಬಟ್ಟಲನ್ನು ಕೆಳಗಿಟ್ಟು, ಲೆಕ್ಕ ಬಿಡಿಸಿ ಹೇಳುವವಳ ಹಾಗೆ ಹೇಳಿದಳು. ಖಾಲಿ ಎಂದು ತಿಳಿದು ಬಲೆ ಬೀಸುತ್ತಾರೆ. ಒಳಗೆ ಒಬ್ಬ ಸಿಗುತ್ತಾನೆ. ಅವನು ಸತ್ತರೆ ಯುದ್ಧ, ಬದುಕಿದರೆ ಎಷ್ಟೋ ವರ್ಷ ಯಾವುದೋ ಕೋಣೆ. ಟಿವಿಯಲ್ಲಿ ಕೂತು ಯುದ್ಧ ಬೇಕು ಅನ್ನುವವರಿಗೆ ಅದಕ್ಕಿಂತ ಹಬ್ಬ ಬೇರೆ ಇಲ್ಲ.

“ಆ ನಕ್ಕವಳು ಯಾರೋ, ನನಗೇ ಗೊತ್ತಿಲ್ಲ,” ಎಂದಳು. “ಅವಳನ್ನ ಇಟ್ಕೊಂಡು ಏನ್ ಮಾಡ್ತೀರಿ? ಈಗ ಉಪ್ಪಿನಕಾಯಿ ತಗೊಂಡು ಬರ್ತಾಳಲ್ಲ, ಅವಳಿಗೆ ನೀವು ಬೇಕು.”

ಹೇಳುತ್ತೇನೆ ಎಂದು ಕುವಾನೊ ಮಾತು ಕೊಟ್ಟ. ಊಟಕ್ಕೆ ಕೂತಾಗ ಚಿನಾಮಿ, ಚೆನ್ನಾಗಿದೆ ಅಪ್ಪಾ, ಚೆನ್ನಾಗಿದೆ, ಎಂದು ತುತ್ತುತುತ್ತಿಗೂ ಹೇಳಿದಳು.

ಹಡಗು ಮತ್ತೆ ದಕ್ಷಿಣದ ದ್ವೀಪಗಳ ಆಚೆಗೆ ಹೊರಟಿತು. ನಾಳೆ ಹೇಳಿದರಾಯಿತು ಎಂದುಕೊಂಡ. ಮಾರನೆಯ ದಿನವೂ ಹಾಗೇ ಅಂದುಕೊಂಡ. ಎಂಟಕ್ಕೆ ಮೊಗಸಾಲೆಗೆ ಹೋಗಿ ನಿಂತ. ಇನ್ನು ಕೇಳಲು ಸಿಗುವುದಿಲ್ಲವೆಂದು ಗೊತ್ತಾದ ಮೇಲೆ ಆ ನಗು ಇನ್ನೂ ಹತ್ತಿರದಿಂದ ಕೇಳಿಸುತ್ತಿತ್ತು.

ಅಷ್ಟರಲ್ಲಿ ನೆಂಟ ಬಂದ. ಹಿಂಬಾಲಿಸುವ ಜಲಾಂತರ್ಗಾಮಿಗೆ ಹಡಗಿನವರು ಇಟ್ಟ ಹೆಸರು ಅದು, ಕರೆಯದೆ ಬಂದು ಬೇಗ ಹೋಗದವನು ಎಂಬ ಅರ್ಥದಲ್ಲಿ. ಮೊದಮೊದಲು ದೂರದಲ್ಲೇ ಇದ್ದ. ದಡದ ನಿಯಂತ್ರಣ ಕೋಣೆಯಲ್ಲಿ ಅಧಿಕಾರಿ ಒಗಾತಾ ಮತ್ತು ಅವನ ಜನ ನೆಂಟನನ್ನು ಪರದೆಯ ಮೇಲೆ ನೋಡುತ್ತಿದ್ದರು. ಆತಂಕವೇನಿಲ್ಲ ಎಂದರು. ಹಡಗಿನಲ್ಲಿ ಕೂತ ಕುವಾನೊ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ನೆಂಟನ ನೀರು ತಳ್ಳುವ ಚಕ್ರದ ಸದ್ದು ಕೇಳುತ್ತಿದ್ದ. ನೆನೆದ ಹಾಸಿಗೆಯನ್ನು ಬಡಿದ ಹಾಗೆ ಮೆತ್ತಗೆ ಬರುತ್ತಿತ್ತು.

ಒಂದು ಬೆಳಿಗ್ಗೆ ಎಂಟಕ್ಕೆ ‘ತೊಮೊನಾಮಿ’ ಸ್ತಬ್ಧವಾದಾಗ ನೆಂಟನ ಚಕ್ರವೂ ನಿಂತಿತು. ಮೌನ ಮುಗಿದು ಹೆಜ್ಜೆಗಳು ಶುರುವಾದ ಮೇಲೆ ಮತ್ತೆ ತಿರುಗಿತು. ಮರುದಿನವೂ ಹಾಗೇ ಆಯಿತು. ಅದು ಮರ್ಯಾದೆಗೆ ನಿಂತದ್ದಲ್ಲ, ಇನ್ನಷ್ಟು ಚೆನ್ನಾಗಿ ಕೇಳುವುದಕ್ಕೆ ಉಸಿರು ಹಿಡಿದದ್ದು. ಆ ದಿನ ಮಧ್ಯಾಹ್ನದ ಹೊತ್ತಿಗೆ ನೆಂಟ ಹಿಂದೆಂದೂ ಬರದಷ್ಟು ಹತ್ತಿರ ಬಂದಿದ್ದ. ಹಿಂದೆ ಎರಡು ಸಣ್ಣ ಎಳೆಯುವ ಹಡಗುಗಳೂ ಕಾಣಿಸಿಕೊಂಡವು. ಬಲೆ ಹೊರುವಂಥವು.

ಕುವಾನೊ ದಡಕ್ಕೆ ಕರೆ ಮಾಡಿ ಎಲ್ಲವನ್ನೂ ಹೇಳಿದ.

“ಯಾವಾಗಿಂದ ಗೊತ್ತು ನಿನಗೆ?” ಎಂದ ಒಗಾತಾ.

“ಮೊದಲನೇ ದಿನದಿಂದ, ಸರ್.”

“ಯಾಕೆ ಹೇಳಲಿಲ್ಲ ಅಂತ ಈಗ ಕೇಳಲ್ಲ. ವಾಪಸ್ ಬಂದ ಮೇಲೆ ಕೇಳ್ತೀನಿ.”

ಕಂಪನಿಯವರನ್ನು ಕರೆಸಿದರು. ಒಬ್ಬೊಬ್ಬನ ದಿನವನ್ನೂ ಇನ್ನೊಬ್ಬನ ದಿನದ ಜೊತೆ ಹೆಣೆದಿಟ್ಟ ಸದ್ದು ಅದು, ಬಿಚ್ಚಿ ಮತ್ತೆ ಹೆಣೆಯಲು ಸಮಯ ಬೇಕು, ಬೇರೆ ಹೊತ್ತಿನ ತುಂಡು ತಂದು ಅಂಟಿಸಿದರೆ ಒಬ್ಬನೇ ಮನುಷ್ಯ ಎರಡು ಕಡೆ ನಡೆದಾಡುತ್ತಾನೆ ಎಂದು ಅವರು ಕೈಚೆಲ್ಲಿದರು. ದಡದಿಂದ ಪಂಪುಗಳನ್ನು ಓಡಿಸಬಹುದು, ಅಲಾರಂ ಬಾರಿಸಬಹುದು ಎಂದ ಯಾರೋ. ಪಂಪು ಜನ ಅಲ್ಲ ಎಂದ ಒಗಾತಾ. ಇನ್ನೊಂದು ಹಡಗು ಬರುವುದಕ್ಕೆ ಮರುದಿನ ಸಂಜೆಯಾಗುತ್ತಿತ್ತು. ನೆಂಟನಿಗೆ ಬೇಕಾಗಿದ್ದದ್ದು ಇನ್ನೊಂದು ಎಂಟು ಗಂಟೆ ಮಾತ್ರ.

“ಜನ ಬೇಕು ಅಂದ್ರೆ ನಾನಿದ್ದೀನಲ್ಲ, ಸರ್,” ಎಂದ ಕುವಾನೊ.

“ಬೂಟು ಗಟ್ಟಿಯಾದದ್ದು ಹಾಕ್ಕೋ,” ಎಂದ ಒಗಾತಾ.

ಮರುದಿನ ಕುವಾನೊ ಬೇಗ ಎದ್ದು ತಯಾರಾದ. ಅಡುಗೆಮನೆಯ ದೊಡ್ಡ ಪಾತ್ರೆಗಳನ್ನೆಲ್ಲ ಕಾಲಿಗೆ ಸಿಗುವ ಹಾಗೆ ದಾರಿಯುದ್ದಕ್ಕೂ ಇಟ್ಟ, ಬಾಗಿಲುಗಳ ಚಿಲಕ ತೆಗೆದ. ಬೂಟನ್ನು ಒಂದು ಕಾಲಿಗೆ ಒಂದು ತರಹ, ಇನ್ನೊಂದು ಕಾಲಿಗೆ ಇನ್ನೊಂದು ತರಹ ಹಾಕಿಕೊಂಡ, ಎರಡು ಜನ ನಡೆದ ಹಾಗಾಗಲಿ ಎಂದು. ಎಂಟಾಗುತ್ತಾ ಬಂದಾಗ ಅಭ್ಯಾಸಬಲದಿಂದ ಕಾಲು ಮೊಗಸಾಲೆಯ ಆ ಜಾಗಕ್ಕೇ ಬಂದು ನಿಂತಿತು. ಸುತ್ತ ಇನ್ನೂರು ಜನ ಬೆಳಗಿನ ಗಡಿಬಿಡಿಯಲ್ಲಿದ್ದರು. ಹೆಡ್‌ಫೋನಿನಲ್ಲಿ ನೆಂಟನ ಚಕ್ರ ಮೆತ್ತಗಾಗುತ್ತಾ ಬಂದು ನಿಂತಿತು. ಈಗ ನಿಂತರೆ ಕೊನೆಯ ಸಲ ಕೇಳಬಹುದಿತ್ತು. ಯಾರೂ ಬೇಡ ಅನ್ನುತ್ತಿರಲಿಲ್ಲ. ಒಂದು ಉಸಿರಿನಷ್ಟು ಹೊತ್ತು, ಅಷ್ಟೆ.

ಎಂಟು ಹೊಡೆಯಿತು. ಹಡಗು ಸ್ತಬ್ಧವಾಯಿತು. ಕುವಾನೊ ಓಡಿದ.

ಪಾತ್ರೆಯನ್ನು ಒದ್ದ, ಅದು ಉರುಳಿಕೊಂಡು ಹೋಗಿ ಗೋಡೆಗೆ ಬಡಿಯಿತು. ಬಾಗಿಲು ದೂಡಿ ಧಡ್ಡೆಂದು ಮುಚ್ಚಿದ. ಏಣಿ ಹತ್ತಿದ, ಹಾರಿ ಇಳಿದ, ನಲ್ಲಿ ತಿರುಗಿಸಿದ, ಬಕೆಟ್ಟು ಕವುಚಿದ. ಸಕಿಮೊತೊ ಎಂದು ಕೂಗಿ, ಬಂದೆ ಎಂದು ಬೇರೆ ದನಿಯಲ್ಲಿ ತಾನೇ ಓಗೊಟ್ಟ. ಇನ್ನೊಬ್ಬನ ಹೆಸರು ಕೂಗಿ ಅವನನ್ನು ಸೋಮಾರಿ ಎಂದು ಬೈದ, ಬೈಸಿಕೊಂಡವನಾಗಿ ಗೊಣಗಿದ. ದೇಶ ಉಳಿಯಬೇಕು ಎಂದು ಕಿರುಚುವ ಅಷ್ಟೂ ಮಂದಿಯ ಬದಲಿಗೆ, ಹುಟ್ಟದೆ ಹೋದ ಅಷ್ಟೂ ಮಕ್ಕಳ ಬದಲಿಗೆ, ಒಬ್ಬ ಅಡುಗೆಯವನು ಎದೆ ಒಡೆಯುವ ಹಾಗೆ ಓಡಿದ. ಎಲ್ಲೋ ಅವನ ಬೆನ್ನ ಹಿಂದೆ ಮೊಗಸಾಲೆಯಲ್ಲಿ ಆ ನಗು ಬಂದು ಹೋಗಿರಬೇಕು. ಅವನಿಗೆ ಕೇಳಿಸಿದ್ದು ತನ್ನ ಬೂಟುಗಳ ಸದ್ದು ಮಾತ್ರ.

ನಿಮಿಷ ಮುಗಿದು ಇನ್ನೂರು ಜನ ಮತ್ತೆ ನಡೆದಾಡತೊಡಗಿದಾಗ ಅವನು ಬಚ್ಚಲಿನ ನೆಲದ ಮೇಲೆ ಬಿದ್ದಿದ್ದ. ಮೊಣಕಾಲಿನ ಚರ್ಮ ಕಿತ್ತುಹೋಗಿತ್ತು. ಹೆಡ್‌ಫೋನಿನಲ್ಲಿ ಬಹಳ ಹೊತ್ತು ಬರೀ ನೀರು. ಆಮೇಲೆ ನೆಂಟನ ಚಕ್ರ ತಿರುಗಿತು, ವೇಗ ಹೆಚ್ಚಿಸಿಕೊಂಡಿತು, ದಿಕ್ಕು ಬದಲಿಸಿತು. ಎಳೆಯುವ ಹಡಗುಗಳೂ ಅದರ ಹಿಂದೆ ಮುಖ ತಿರುಗಿಸಿದವು. ನಿಯಂತ್ರಣ ಕೋಣೆಯಲ್ಲಿ ಯಾರೋ ಚಪ್ಪಾಳೆ ತಟ್ಟಲು ಹೋಗಿ ನಿಲ್ಲಿಸಿದ್ದು ಕೇಳಿಸಿತು.

ಸಂಜೆ ಒಗಾತಾ ಕರೆ ಮಾಡಿದ. ಬೆಳಗಿನ ಆ ನಿಮಿಷವನ್ನು ಹಡಗಿನ ಮೈಕುಗಳು ಹಿಡಿದಿಟ್ಟಿವೆಯಂತೆ. ಕಂಪನಿಯವರು ಕೇಳಿ ಬೆರಗಾದರಂತೆ, ಇಷ್ಟು ಸಹಜವಾದ ಗದ್ದಲ ತಮ್ಮ ಹತ್ತಿರ ಇರಲೇ ಇಲ್ಲ ಎಂದರಂತೆ. ಹೊಸದಾಗಿ ಹೆಣೆದು ಮುಗಿಯುವವರೆಗೆ ಅದನ್ನೇ ಎಂಟು ಗಂಟೆಗೆ ಕೂರಿಸಿದ್ದಾರೆ. ಇನ್ನು ಅವನು ಓಡಬೇಕಾಗಿಲ್ಲ.

“ಆ ಜಾಗದಲ್ಲಿ ಮುಂಚೆ ಇದ್ದದ್ದು, ಸರ್?”

“ಅಳಿಸಿದ್ದಾರೆ,” ಎಂದ ಒಗಾತಾ. “ಅಲ್ಲಿ ಏನಿತ್ತು ಕುವಾನೊ? ಅವರು ಬರೀ ಮೌನ ಅಂದ್ರು.”

“ಮೌನವೇ, ಸರ್,” ಎಂದ ಕುವಾನೊ.

ಮರುದಿನ ಎಂಟಕ್ಕೆ ಅವನು ಊಟದ ಕೋಣೆಯಲ್ಲಿ ಮೊಣಕಾಲಿಗೆ ಪಟ್ಟಿ ಕಟ್ಟಿಕೊಂಡು ಕೂತಿದ್ದ. ಇನ್ನೂರು ಕುರ್ಚಿಗಳ ನಡುವೆ ಅನ್ನದ ಬಟ್ಟಲಿನಿಂದ ಹಬೆ ಏಳುತ್ತಿತ್ತು. ಹೊರಗೆ ಧಡ್ಡೆಂದು ಬಾಗಿಲು ಬಡಿಯಿತು. ಒಂದೊಂದು ಕಾಲಿಗೆ ಒಂದೊಂದು ತರಹದ ಬೂಟು ಹಾಕಿಕೊಂಡ ಯಾರೋ ಮೊಗಸಾಲೆಯಲ್ಲಿ ಓಡಿಬಂದರು. ಏಣಿ ಹತ್ತಿದರು, ಇಳಿದರು, ಯಾರ‍್ಯಾರದೋ ಹೆಸರು ಹಿಡಿದು ಕೂಗಿದರು, ಉತ್ತರಕ್ಕೆ ಕಾಯದೆ ತಾವೇ ಓಗೊಟ್ಟರು. ಬಾಗಿಲಿನ ಆಚೆ ಬಂದಾಗ ಆ ಏದುಸಿರು ಅಳುವಿನ ಹಾಗೆ ಕೇಳಿಸಿತು. ನಿನ್ನೆ ಓಡುವಾಗ ಕುವಾನೊನಿಗೆ ಅದು ಗೊತ್ತೇ ಆಗಿರಲಿಲ್ಲ.

ಹೆಜ್ಜೆಗಳು ದೂರವಾದವು. ಕುವಾನೊ ಎದ್ದು, ಕಪಾಟಿನಿಂದ ಇನ್ನೊಂದು ಬಟ್ಟಲು ತೆಗೆದು ಎದುರಿನ ಕುರ್ಚಿಯ ಮುಂದಿಟ್ಟ. ತನ್ನ ಅನ್ನದಲ್ಲಿ ಅರ್ಧ ಅದಕ್ಕೆ ಹಾಕಿ, ಓಡುತ್ತಿದ್ದವನು ಬರಲಿ ಎಂದು ತಿನ್ನದೆ ಕೂತ.